ಕೂದಲಿಗೆ ಮಾತ್ರ

ಕಟ್ಟಿನಕೆರೆ ಮಾರ್ಕೆಟ್ಟಿನ ಮೂಲೆಯಂಗಡಿಯಲ್ಲಿ
ಬಾಟಲಿಯ ಬಣ್ಣ ನೋಡಿ ತಂದೆ, ಹೆಸರು ಓದಲಿಲ್ಲ.
ರಾತ್ರಿ ಒಂಬತ್ತೂಮುಕ್ಕಾಲು. ಡ್ಯೂಟಿ ಇಳಿದು
ಡಿಪೋದಲ್ಲಿ ಲೆಕ್ಕ ಒಪ್ಪಿಸಿ, ಹನ್ನೆರಡು ರೂಪಾಯಿ ಕಡಿಮೆ ಬಿದ್ದು
ಕೈಯಿಂದ ಕಟ್ಟಿ ಬಂದಿದ್ದೆ.
ಓದುವ ಕಣ್ಣು ಅಷ್ಟೊತ್ತಿಗೆ ಉಳಿದಿರಲಿಲ್ಲ.

ಬಚ್ಚಲಲ್ಲಿ ಅಂಗೈಗೆ ಸುರಿದುಕೊಂಡರೆ
ಗಟ್ಟಿ ಮೊಸರಿನ ಹಾಗೆ ಕೂತಿತು.
ತೋಳಿಗೆ ಹಚ್ಚಿದೆ, ಕತ್ತಿಗೆ, ಬೆನ್ನಿಗೆ ಕೈ ಎಟುಕುವಷ್ಟು.
ತಿಕ್ಕಿದೆ. ನೊರೆ ಬರಲಿಲ್ಲ.
ಇನ್ನಷ್ಟು ಹಾಕಿದೆ. ಬರಲಿಲ್ಲ.
ಮೋಸ ಹೋದೆನೆಂದು ಅಂಗಡಿಯವನಿಗೆ
ಅಲ್ಲೇ, ಬೆತ್ತಲೆ ನಿಂತು, ನಾಲ್ಕು ಬೈದೆ.

"ಯಾರ ಜೊತೆಗೇ ಜಗಳ?" ಆಚೆಯಿಂದ ಜಬೀನ್.
ಬಾಗಿಲ ಸಂದಿಯಿಂದ ಬಾಟಲಿ ಕೊಟ್ಟೆ.
ಅವಳು ಆಸ್ಪತ್ರೆಯ ನರ್ಸು,
ಯಾವ ಬಾಟಲಿಯನ್ನೂ ಓದದೆ ಬಿಡುವವಳಲ್ಲ.
ಓದಿದಳು, ನಕ್ಕಳು, ಗೋಡೆ ಹಿಡಿದುಕೊಂಡು ನಕ್ಕಳು.
"ಇದು ಕಂಡೀಷನರ್ ಕಣೇ ಕಂಡಕ್ಟರಮ್ಮ,
ಕೂದಲಿಗೆ ಮಾತ್ರ ಅಂತ ಬರೆದೈತೆ."

ಮಾತ್ರ.
ಆ ಪದ ನನಗೆ ಗೊತ್ತು.
ಹತ್ತೊಂಬತ್ತು ವರ್ಷದಿಂದ ನನ್ನ ತಲೆಯ ಮೇಲೇ ಇದೆ
ಕೆಂಪಕ್ಷರದಲ್ಲಿ: ಮಹಿಳೆಯರಿಗೆ ಮಾತ್ರ.
ಅದರ ಕೆಳಗೆ ಕಾಲು ಚಾಚಿ ಗೊರಕೆ ಹೊಡೆಯುತ್ತಾನೆ
ಶಾಂತಿಗ್ರಾಮದ ಯಾವನೋ ಗಂಡಸು.
ಏಳಪ್ಪ ಅಂದರೆ, "ಇಲ್ಲೇ ಇಳ್ಕೋತೀನಿ ಕಣಮ್ಮ."
ನಾನೂ ಉಳಿದದ್ದನ್ನು ಹೊಟ್ಟೆಗೆ, ತೊಡೆಗೆ ಬಳಿದುಕೊಂಡೆ.
ಇರಲಿ, ಇಲ್ಲೇ ಇಳ್ಕೊಳ್ಳುತ್ತೆ.

ನೀರು ಹೊಯ್ದರೆ ಹೋಯಿತು ಅನ್ನಿಸುವುದಿಲ್ಲ,
ಇದೆ ಅಂತಲೂ ಅನ್ನಿಸುವುದಿಲ್ಲ.
ನಮ್ಮವ್ವ ಕಂಡಿದ್ದರೆ ಇದನ್ನು ಸ್ನಾನವೆಂದು ಒಪ್ಪುತ್ತಿರಲಿಲ್ಲ.
ಅವಳು ಮಾಡಿಸುವ ಸ್ನಾನ ಬೀದಿಗೆ ಕೇಳುತ್ತಿತ್ತು:
ಹೀರೇಕಾಯಿ ನಾರು, ಹಿಮ್ಮಡಿಯ ಕಲ್ಲು, ಬಾರ್ ಸೋಪಿನ ತುಂಡು,
"ಕತ್ತು ನೋಡು, ಬಾಣಲೆ ತಳ ಇದ್ದಂಗೈತೆ" ಎಂದು
ಉರಿ ಏಳುವ ತನಕ ತಿಕ್ಕುತ್ತಿದ್ದಳು.
ಅದು ಕೊಳೆಯಲ್ಲವ್ವ, ನಾನೇ
ಅನ್ನೋಣವೆಂದರೆ ನನಗಾಗ ಏಳು ವರ್ಷ,
ಬಾಯಿ ತುಂಬ ನೊರೆ.

ಟವೆಲ್ಲು ಎಲ್ಲೂ ಕಚ್ಚಲಿಲ್ಲ.
ಆ ರಾತ್ರಿ ಮೊಣಕಾಲು ಕೆರೆದುಕೊಳ್ಳದೆ ಮಲಗಿದೆ.

ಮಾರನೆಯ ಬೆಳಗಿನ ಬೇಲೂರು ಟ್ರಿಪ್ಪಿನಲ್ಲಿ
ಗೈಡು ಜವರಪ್ಪ ಬಾಗಿಲಿಗೆ ಒರಗಿಕೊಂಡೇ
ಮುಂದಿನ ಸೀಟಿನವರಿಗೆ ಪಾಠ ಶುರುಮಾಡಿದ್ದ:
"ಬಳಪದ ಕಲ್ಲು ಸಾರ್, ಇಂಗ್ಲಿಷಲ್ಲಿ ಸೋಪ್‌ಸ್ಟೋನು.
ತೆಗೆಯುವಾಗ ಮೆತ್ತಗೆ, ಗಾಳಿ ಸೋಕಿದಂಗೆ ಗಟ್ಟಿ."
ಸೋಪು ಅಂತೀಯಲ್ಲ, ನೊರೆ ಬರ್ತದಾ? ಅಂದೆ.
ಇಷ್ಟು ವರ್ಷದಲ್ಲಿ ಅವನನ್ನು ಯಾರೂ ಕೇಳಿರಲಿಲ್ಲ.
ಬಾಯಿ ತೆರೆದ, ಮುಚ್ಚಿದ,
ಟಿಕೆಟ್ ಕೊಡಿ ಮೇಡಂ ಅಂದ.

ಮಷೀನು ಒತ್ತುತ್ತ ನನ್ನ ಮೊಣಕೈ ನೋಡಿಕೊಂಡೆ.
ಡೀಸೆಲ್ಲು, ಕಂಬಿಯ ತುಕ್ಕು, ಹಾಸನದ ಡಿಸೆಂಬರ್ ಗಾಳಿ
ಸೇರಿ ಕೆತ್ತಿದ್ದ ಬಿಳಿಗೆರೆಗಳು
ಸ್ವಲ್ಪ ಸರಿದು ನಿಂತಿದ್ದವು.
ಹಿಂದಕ್ ನಡೀರಿ, ಹಿಂದಕ್ ನಡೀರಿ ಅಂದಾಗ
ಜನ ಸರಿಯುತ್ತಾರಲ್ಲ, ಅಷ್ಟು.
ಅಂದರೆ ಪೂರಾ ಅಲ್ಲ.

ಕಷ್ಟವೊಂದೇ, ಬೆರಳಲ್ಲಿ ಚಿಲ್ಲರೆ ನಿಲ್ಲಲೊಲ್ಲದು.
ಐದರ ನಾಣ್ಯ ಜಾರಿ ಸೀಟಿನಡಿ ಉರುಳಿದ್ದು
ಹಗರೆ ದಾಟುವ ತನಕ ಸಿಗಲಿಲ್ಲ.
ಚೆನ್ನಕೇಶವಣ್ಣ ಕನ್ನಡಿಯಲ್ಲಿ ಇಣುಕಿ
"ಏನಮ್ಮ, ಇವತ್ತು ಕಂಡೀಷನ್ ಸರಿಯಿಲ್ವಾ?" ಅಂದ.
ಸರಿಯಾಗೈತಣ್ಣ, ನೀನು ಗೇರ್ ಹಾಕು.

ಸಂಜೆ ರೂಮಿಗೆ ಬಂದರೆ ಜಬೀನ್ ಮಿಂದು ಕೂತಿದ್ದಳು.
ದಿನಕ್ಕೆ ಅರವತ್ತು ಸಲ ತೊಳೆದು
ಸೀಳುಬಿಟ್ಟಿರುವ ಕೈಗಳನ್ನು ಅವಳು
ಅನ್ನಕ್ಕೆ ಕೂತಾಗಲೂ ಮಡಿಲಲ್ಲಿ ಮುಚ್ಚಿಡುವವಳು,
ಇವತ್ತು ತಟ್ಟೆಯ ಪಕ್ಕದಲ್ಲಿ ಬಿಟ್ಟಿದ್ದಳು.
ಬಚ್ಚಲಿನ ಬಾಟಲಿ ಎರಡು ಬೆರಳು ಇಳಿದಿತ್ತು.

ನಾನು ಕೇಳಲಿಲ್ಲ. ಅವಳು ಹೇಳಲಿಲ್ಲ.
ಕೂದಲು ಮಾತ್ರ ಒಣಗೇ ಇತ್ತು.